ಬ್ಲೇಡ್ ತಿಂದು ಉಳಿಸಿದ್ದು: ಮಡಗಾಸ್ಕರದ ಕ್ಲಿಯೋನಿಸೆರಾಸ್ ಜೋಡಿ, ಒಬ್ಬ ಪಾಲಿಶ್ ಕೆಲಸಗಾರ ನೋಡಿದಂತೆ

ನಾನು ಕುಷ್ಟಗಿ ತಾಲೂಕಿನವನು. 22 ವರ್ಷದಿಂದ ಗ್ರಾನೈಟ್ ಪಾಲಿಶ್ ಕೆಲಸ ಮಾಡುತ್ತಿದ್ದೇನೆ. ಮೊದಲ ಎಂಟು ವರ್ಷ ಕೈ ಮಷಿನ್, ಆಮೇಲೆ ದೊಡ್ಡ ಮಷಿನ್. ನಮ್ಮ ಕಡೆಯ ಕೆಂಪು ಕಲ್ಲಿನ ಮೇಲೆ ಅಂಗೈ ಆಡಿಸಿದರೆ ಸಾಕು, ಯಾವ ನಂಬರಿನ ಪೇಪರ್ ತನಕ ಉಜ್ಜಿದ್ದಾರೆ ಅಂತ ಗೊತ್ತಾಗುತ್ತದೆ. ನಂಬರ್ ಏರಿದಷ್ಟೂ ನುಣುಪು. ಹೋದ ತಿಂಗಳು ಆನ್‌ಲೈನ್‌ನಲ್ಲಿ ಒಂದು ಕಲ್ಲು ತರಿಸಿದೆ. ಕಲ್ಲಲ್ಲ, ಕಲ್ಲಾದ ಚಿಪ್ಪು. ತಗೊಳ್ಳುವ ಮುಂಚೆ ಕನ್ನಡದಲ್ಲಿ ಯಾರಾದರೂ ಇದರ ಬಗ್ಗೆ ಬರೆದಿದ್ದಾರಾ ಅಂತ ಹುಡುಕಿದೆ. ನನಗೆ ಸಿಗಲಿಲ್ಲ. ಅದಕ್ಕೇ ಸ್ವಲ್ಪ ಉದ್ದಕ್ಕೇ ಬರೆಯುತ್ತಿದ್ದೇನೆ.

ತಗೊಂಡದ್ದು ಕ್ಲಿಯೋನಿಸೆರಾಸ್ ಅನ್ನುವ ಜೀವಿಯ ಚಿಪ್ಪು. ನಡುವೆ ಸೀಳಿ, ಎರಡೂ ಹೋಳಿಗೆ ಪಾಲಿಶ್ ಹೊಡೆದ ಜೋಡಿ. ಅಗಲ ಎಂಟೂವರೆ ಸೆಂಟಿಮೀಟರ್. ಕಿರಾಣಿ ಅಂಗಡಿಯ ತಕ್ಕಡಿಯಲ್ಲಿ ಇಟ್ಟಾಗ ಎರಡೂ ಸೇರಿ 190 ಗ್ರಾಂ ತೂಗಿತು. ಬೆಲೆ 2,450 ರೂಪಾಯಿ, ಕೊರಿಯರ್ 120. ಮಗಳು ಒಂಬತ್ತನೇ ಕ್ಲಾಸಿನಲ್ಲಿದ್ದಾಳೆ. ಅಮೋನೈಟ್ ಅನ್ನುವ ಸುರುಳಿ ಚಿಪ್ಪಿನ ಚಿತ್ರ ನೋಡಿ ಬಂದು, "ಅಪ್ಪಾ, ಇಷ್ಟು ವರ್ಷ ಕಲ್ಲು ಕೊಯ್ದಿಯಲ್ಲ, ಒಂದರೊಳಗಾದರೂ ಇಂಥದ್ದು ಬಂದಿತ್ತೇನು?" ಅಂತ ಕೇಳಿದಳು. ಬಂದಿರಲಿಲ್ಲ. ಬರುವುದೂ ಇಲ್ಲ. ಯಾಕೆ ಅಂತ ಅವಳಿಗೆ ಸರಿಯಾಗಿ ಹೇಳಲು ನನಗೆ ಅವತ್ತು ಆಗಲಿಲ್ಲ. ಓದುತ್ತಾ ಹೋದೆ. ಓದಿದ ಮೇಲೆ ಒಂದನ್ನು ಕೈಯಲ್ಲಿ ಹಿಡಿಯದೆ ಇರಲು ಆಗಲಿಲ್ಲ.

ಅಮೋನೈಟ್ ಅನ್ನುವುದು ಒಂದು ದೊಡ್ಡ ಬಳಗದ ಹೆಸರು. ಕ್ಲಿಯೋನಿಸೆರಾಸ್ ಅದರೊಳಗಿನ ಒಂದು ಕುಲ. ಸಮುದ್ರದಲ್ಲಿ ಬದುಕಿದ್ದ ಜೀವಿ. ಕರಾವಳಿಯವರು ತಿನ್ನುವ ಬೊಂಡಾಸ್ ಇದೆಯಲ್ಲ, ಅದಕ್ಕೆ ದೂರದ ನೆಂಟ. ಮಾರುಕಟ್ಟೆಗೆ ಬರುವ ಈ ಜೋಡಿಗಳು ಹೆಚ್ಚಾಗಿ ಮಡಗಾಸ್ಕರದ ವಾಯವ್ಯ ಭಾಗದ ಮಹಾಜಂಗ ಕಡೆಯಿಂದ ಬರುತ್ತವೆ. ವಯಸ್ಸು ಸುಮಾರು 11 ಕೋಟಿ ವರ್ಷ. ಜಾತಿಯ ಹೆಸರು ಬೆಸೇರಿಯೈ. ಮಡಗಾಸ್ಕರದ ನೆಲದ ಪದರಗಳನ್ನು ಅಭ್ಯಾಸ ಮಾಡಿದ ಆನ್ರಿ ಬೆಸೇರಿ ಎಂಬ ಫ್ರೆಂಚ್ ಭೂವಿಜ್ಞಾನಿಯ ನೆನಪಿಗೆ 1949ರಲ್ಲಿ ಇಟ್ಟದ್ದು. ಈಚೆಗೆ ಕೆಲವು ವಿಜ್ಞಾನಿಗಳು ಇದನ್ನು ಅಯೋಲೋಸೆರಾಸ್ ಅನ್ನುವ ಬೇರೆ ಕುಲಕ್ಕೆ ಸೇರಿಸುತ್ತಾರೆ. ಮಾರುವವರು ಹಳೇ ಹೆಸರನ್ನೇ ಇಟ್ಟುಕೊಂಡಿದ್ದಾರೆ. ಎರಡರಲ್ಲಿ ಯಾವ ಹೆಸರು ಕಂಡರೂ ಗಾಬರಿ ಬೇಡ.

ಪ್ಯಾಕಿಂಗ್ ಬಗ್ಗೆ ಬೇಗ ಹೇಳಿಬಿಡುತ್ತೇನೆ. ಆರು ದಿನ ಅಂದಿದ್ದರು, ಹನ್ನೊಂದು ದಿನ ಆಯಿತು. ಎರಡು ಹೋಳನ್ನೂ ಒಂದೇ ಪ್ಲಾಸ್ಟಿಕ್ ಚೀಲದಲ್ಲಿ, ಪಾಲಿಶ್ ಮುಖಕ್ಕೆ ಪಾಲಿಶ್ ಮುಖ ತಾಗಿಸಿ ಹಾಕಿದ್ದರು. ಇದು ತಪ್ಪು. ನಮ್ಮಲ್ಲಿ ಸ್ಲ್ಯಾಬ್ ಮೇಲೆ ಸ್ಲ್ಯಾಬ್ ಇಡುವಾಗ ನಡುವೆ ಏನಾದರೂ ಹಾಕದೆ ಇಡುವುದಿಲ್ಲ. ಗ್ರಾನೈಟ್‌ಗೇ ಹಾಗೆ ಮಾಡುತ್ತೇವೆ. ಇದು ಗ್ರಾನೈಟ್‌ಗಿಂತ ಎಷ್ಟೋ ಮೆತ್ತಗಿನ ಕಲ್ಲು. ಚೀಲದ ತಳದಲ್ಲಿ ಸಾಸಿವೆಯಷ್ಟು ನಾಲ್ಕೈದು ಪುಡಿ ಚೂರು ಇದ್ದವು. ಎಸೆಯಲಿಲ್ಲ, ಎತ್ತಿಟ್ಟೆ.

ಈಗ ಕಟಿಂಗ್ ವಿಷಯಕ್ಕೆ ಬರುತ್ತೇನೆ. ನನಗೆ ಗೊತ್ತಿರುವುದು ಅದೇ.

ಇಂಥ ಚಿಪ್ಪನ್ನು ಸೀಳುವುದು ಸುಲಭ ಅಲ್ಲ. ಬ್ಲಾಕ್ ಕೊಯ್ಯುವಾಗ ಬ್ಲೇಡ್ ಸ್ವಲ್ಪ ಆ ಕಡೆ ಈ ಕಡೆ ಹೋದರೆ ಏನೂ ಆಗುವುದಿಲ್ಲ, ಸ್ಲ್ಯಾಬ್ ದಪ್ಪ ಹೆಚ್ಚುಕಡಿಮೆ ಆಗುತ್ತದೆ ಅಷ್ಟೇ. ಇಲ್ಲಿ ಹಾಗಲ್ಲ. ಸುರುಳಿಯ ನಟ್ಟನಡುವೆ ಆ ಜೀವಿಯ ಮೊದಲ ಕೋಣೆ ಇರುತ್ತದೆ. ಮೊಟ್ಟೆಯೊಳಗೆ ಇದ್ದಾಗಲೇ ಕಟ್ಟಿಕೊಂಡದ್ದು. ಸಾಸಿವೆ ಕಾಳಿಗಿಂತ ಸಣ್ಣದು. ಬ್ಲೇಡು ಒಂದು ಕೂದಲೆಳೆ ಪಕ್ಕಕ್ಕೆ ಸರಿದರೂ ಆ ಕೋಣೆ ಕಾಣುವುದೇ ಇಲ್ಲ. ಬ್ಲೇಡ್ ದಪ್ಪ ಇದ್ದರೆ ಅದೇ ತಿಂದುಬಿಡುತ್ತದೆ. ಹಾಗಾಗಿ ತೆಳು ಬ್ಲೇಡ್ ಬೇಕು, ನಿಧಾನ ಬೇಕು, ಜಾಸ್ತಿ ನೀರು ಬೇಕು. ಕೊಯ್ಯುವವನು ಹೊರಗಿನಿಂದಲೇ ಒಳಗಿನ ನಡು ಎಲ್ಲಿದೆ ಅಂತ ಅಂದಾಜು ಹಾಕಬೇಕು. ಚಿಪ್ಪೇನೂ ಗೆರೆ ಹಾಕಿಕೊಂಡು ಬಂದಿರುವುದಿಲ್ಲ.

ನನ್ನ ಜೋಡಿಯಲ್ಲಿ ಎರಡೂ ಹೋಳನ್ನು ಸೇರಿಸಿ ಹಿಡಿದು ಅಂಚು ನೋಡಿದೆ. ಒಂದು ಮಿಲಿಮೀಟರಿನಷ್ಟು ಕೂಡುವುದಿಲ್ಲ. ಅಂದರೆ ಬ್ಲೇಡ್ ತಿಂದದ್ದು, ಉಜ್ಜಿ ಹೋದದ್ದು, ಎರಡೂ ಸೇರಿ ಅಷ್ಟೇ. ಇದು ಒಳ್ಳೇ ಕೆಲಸ. ಎಡದ ಹೋಳಿನಲ್ಲಿ ಆ ಮೊದಲ ಕೋಣೆ ಲೆನ್ಸಿನಲ್ಲಿ ಕಾಣುತ್ತದೆ, ದುಂಡಗೆ, ಒಂದು ಚುಕ್ಕೆಯಂತೆ. ಬಲದ್ದರಲ್ಲಿ ಇಲ್ಲ. ಅಲ್ಲಿ ಎರಡನೇ ಸುತ್ತಿನಿಂದ ಶುರು. ಒಂದು ಹೋಳಿನಲ್ಲಿ ಸಿಕ್ಕಿದ್ದೇ ದೊಡ್ಡದು. ಈ ಕೆಲಸ ಮಾಡಿದ ಕೈ ಯಾವುದೋ ನನಗೆ ಗೊತ್ತಿಲ್ಲ, ಮಡಗಾಸ್ಕರದಲ್ಲೋ ಬೇರೆಲ್ಲೋ. ಆ ಕೈಗೆ ನನ್ನ ನಮಸ್ಕಾರ.

ಪಾಲಿಶ್ ಮಾತ್ರ ಎರಡೂ ಹೋಳಿಗೆ ಒಂದೇ ಥರ ಆಗಿಲ್ಲ. ಮೊಬೈಲ್ ಟಾರ್ಚ್ ಓರೆಯಾಗಿ ಹಿಡಿದು ನೋಡಿ. ಎಡದ ಹೋಳು ನೀರಿನ ಹಾಗೆ ಇದೆ. ಬಲದ್ದರ ಮೇಲೆ ಒಂದೇ ದಿಕ್ಕಿಗೆ ಸಣ್ಣ ಸಣ್ಣ ಗೆರೆ ಇವೆ. ನಡುವೆ ಒಂದು ನಂಬರ್ ಹಾರಿಸಿದ್ದಾರೆ. ನಾನೂರು ಆದಮೇಲೆ ಎಂಟುನೂರು ಬಿಟ್ಟು ಮುಂದಕ್ಕೆ ಹೋದರೆ ಹೀಗೇ ಆಗುತ್ತದೆ. ಎಷ್ಟು ಬಫ್ ಹೊಡೆದರೂ ಆ ಗೆರೆ ಹೋಗುವುದಿಲ್ಲ, ಮೇಲೆ ಹೊಳಪು ಮಾತ್ರ ಬರುತ್ತದೆ. ಟಾರ್ಚ್ ಹಿಡಿಯದೆ ಇದು ಯಾರಿಗೂ ಕಾಣುವುದಿಲ್ಲ. ಆದರೂ ಹೇಳುತ್ತಿದ್ದೇನೆ, ದುಡ್ಡು ಕೊಟ್ಟವರಿಗೆ ಗೊತ್ತಿರಲಿ.

ಇನ್ನು ಒಳಗೆ ಏನಿದೆ ಅಂತ ಹೇಳಬೇಕು. ನಾನು ಮತ್ತೆ ಮತ್ತೆ ನೋಡುವುದು ಇದನ್ನೇ.

ಈ ಜೀವಿ ಚಿಪ್ಪಿನ ಕಟ್ಟಕಡೆಯ ಕೋಣೆಯಲ್ಲಿ ಇರುತ್ತಿತ್ತು. ಬೆಳೆದಂತೆ ಜಾಗ ಸಾಲದು. ಆಗ ಮುಂದಕ್ಕೆ ಚಿಪ್ಪು ಕಟ್ಟಿಕೊಂಡು, ತಾನು ಮುಂದೆ ಸರಿದು, ಹಿಂದೆ ಒಂದು ಗೋಡೆ ಎಬ್ಬಿಸುತ್ತಿತ್ತು. ಮತ್ತೆ ಬೆಳೆಯುವುದು, ಮತ್ತೆ ಸರಿಯುವುದು, ಮತ್ತೊಂದು ಗೋಡೆ. ಸಾಯುವ ತನಕ ಇದೇ. ನಮ್ಮ ಹಳ್ಳಿಯಲ್ಲಿ ಮಕ್ಕಳ ಮದುವೆ ಆದ ಹಾಗೆಲ್ಲ ಮನೆಗೆ ಒಂದೊಂದು ಅಂಕಣ ಸೇರಿಸುತ್ತಾ ಹೋಗುತ್ತಾರಲ್ಲ, ಹಾಗೆ. ಹಿಂದಿನ ಕೋಣೆಗಳು ಖಾಲಿ ಬಿದ್ದಿರುತ್ತಿರಲಿಲ್ಲ. ಎಲ್ಲಾ ಗೋಡೆಗಳನ್ನೂ ದಾಟಿಕೊಂಡು ಒಂದು ಸಣ್ಣ ಕೊಳವೆ ಹೋಗುತ್ತದೆ. ಅದರ ಮೂಲಕ ಕೋಣೆಯೊಳಗಿನ ನೀರನ್ನು ಹೊರಗೆ ಎಳೆದುಕೊಳ್ಳುತ್ತಿತ್ತು. ನೀರು ಹೋಗಿ ಗಾಳಿ ತುಂಬಿದರೆ ಚಿಪ್ಪಿನ ಭಾರ ಇಳಿಯುತ್ತದೆ. ಹೀಗೆ ಸಮುದ್ರದ ನಡುನೀರಿನಲ್ಲಿ ಮುಳುಗದೆ ತೇಲುತ್ತಿತ್ತು. ಕ್ಲಿಯೋನಿಸೆರಾಸ್ ಚಿಪ್ಪು ಪಕ್ಕದಿಂದ ಒತ್ತಿದ ಹಾಗೆ ತೆಳ್ಳಗೆ ಇದೆ. ಹೊರಗಿನ ಸುತ್ತು ಒಳಗಿನ ಸುತ್ತುಗಳನ್ನು ಬಹುಮಟ್ಟಿಗೆ ಮುಚ್ಚಿಕೊಂಡಿರುತ್ತದೆ. ಇಂಥ ಆಕಾರ ನೀರನ್ನು ಸೀಳಿಕೊಂಡು ಹೋಗಲು ಅನುಕೂಲ.

ಮಗಳು ಹಲ್ಲುಕಡ್ಡಿ ಹಿಡಿದು ಗೋಡೆ ಎಣಿಸಿದಳು. ಎಡದ ಹೋಳಿನಲ್ಲಿ 34 ಸಿಕ್ಕವು. ನಡುವಿನವು ಅಷ್ಟು ಒತ್ತಾಗಿವೆ, ಇನ್ನೂ ಇರಬಹುದು. ಒಂದಕ್ಕಿಂತ ಒಂದು ಕೋಣೆ ಸ್ವಲ್ಪ ದೊಡ್ಡದು. ಎಲ್ಲೂ ಆ ಅಳತೆ ತಪ್ಪಿಲ್ಲ.

ಜೀವಿ ಸತ್ತು ತಳಕ್ಕೆ ಬಿದ್ದಮೇಲೆ ಕಟ್ಟಕಡೆಯ ಕೋಣೆಯ ಬಾಯಿ ತೆರೆದೇ ಇರುತ್ತದೆ. ಅಲ್ಲಿ ಕೆಸರು ತುಂಬಿಕೊಳ್ಳುತ್ತದೆ. ನನ್ನ ಕಲ್ಲಿನಲ್ಲಿ ಹೊರಸುತ್ತಿನ ಕಡೇ ಕಾಲು ಭಾಗ ಬೂದು ಬಣ್ಣ, ಹೊಳಪು ಕಡಿಮೆ. ಅದು ಆ ಕೆಸರು. ಒಳಗಿನ ಮುಚ್ಚಿದ ಕೋಣೆಗಳಿಗೆ ಕೆಸರು ಹೋಗಲು ದಾರಿ ಇಲ್ಲ. ಸುಣ್ಣದ ಅಂಶ ಇರುವ ನೀರು ಮಾತ್ರ ಮೆಲ್ಲಗೆ ಜಿನುಗಿ ಹೋಗಿ, ಗೋಡೆಯಿಂದ ಒಳಮುಖವಾಗಿ ಹರಳು ಕಟ್ಟಿದೆ. ಕ್ಯಾಲ್ಸೈಟ್ ಅದು. ಕೆಲವು ಕೋಣೆ ಬೆಲ್ಲದ ಪಾಕದ ಬಣ್ಣ, ಕೆಲವು ಹಾಲಿನ ಬಣ್ಣ. ಐದು ಕೋಣೆಗಳಲ್ಲಿ ಹರಳು ಪೂರ್ತಿ ತುಂಬಿಲ್ಲ. ನಡುವೆ ಪೊಳ್ಳು ಉಳಿದಿದೆ. ಆ ಪೊಳ್ಳಿನ ಸುತ್ತ ಕಲ್ಲುಸಕ್ಕರೆಯ ಪುಡಿ ಅಂಟಿಸಿದ ಹಾಗೆ ಹೊಳೆಯುತ್ತದೆ. ಪೊಳ್ಳು ಇರುವುದು ತಗೊಂಡವರಿಗೆ ನಷ್ಟ ಅಂತ ಒಬ್ಬರು ನನಗೆ ಹೇಳಿದರು. ನಾನು ಒಪ್ಪುವುದಿಲ್ಲ. ಪೊಳ್ಳಿದ್ದರೆ ಕಲ್ಲು ಹೇಗೆ ಬೆಳೆಯಿತು ಅಂತ ಕಾಣುತ್ತದೆ. ಪೂರ್ತಿ ತುಂಬಿದ್ದರೆ ಬರೀ ಬಣ್ಣ ಕಾಣುತ್ತದೆ.

ಹೊರಮೈ ನೋಡುವುದನ್ನು ಮರೆಯಬೇಡಿ. ಎಲ್ಲರೂ ಪಾಲಿಶ್ ಮುಖ ನೋಡಿ ಇಟ್ಟುಬಿಡುತ್ತಾರೆ. ತಿರುಗಿಸಿ ಬಿಸಿಲಿಗೆ ಹಿಡಿದರೆ ಅಲ್ಲಲ್ಲಿ ಕೆಂಪು, ಹಸಿರು ಬಣ್ಣ ಮಿಂಚುತ್ತದೆ. ಮುತ್ತಿನ ಚಿಪ್ಪಿನ ಒಳಮೈ ಹೊಳೆಯುತ್ತದಲ್ಲ, ಅದೇ ಪದರ ಇದು. ತೆಳು ಪದರದ ಮೇಲೆ ಪದರ ಇರುವುದರಿಂದ ಬೆಳಕು ಒಡೆದು ಬಣ್ಣ ಬರುತ್ತದೆ. ಬಳಿದ ಬಣ್ಣ ಅಲ್ಲ. 11 ಕೋಟಿ ವರ್ಷ ಉಳಿದುಕೊಂಡು ಬಂದಿದೆ. ಈ ಪದರ ಎದ್ದುಹೋದ ಕಡೆ ಎಲೆಯ ಅಂಚಿನ ಹಾಗೆ ಕೊಂಕು ಕೊಂಕಾದ ಗೆರೆಗಳು ಕಾಣುತ್ತವೆ. ಅವು ಒಳಗಿನ ಗೋಡೆಗಳು ಚಿಪ್ಪಿಗೆ ಬಂದು ಕೂಡಿದ ಜಾಗ. ನಡುವೆ ಸೀದಾ ಇರುವ ಗೋಡೆ ಅಂಚಿಗೆ ಬರುತ್ತಾ ಸೀರೆ ನೆರಿಗೆಯಂತೆ ಮಡಿಚಿಕೊಂಡಿದೆ. ಯಾವ ಅಮೋನೈಟ್ ಯಾವುದು ಅಂತ ಗುರುತು ಹಿಡಿಯಲು ತಜ್ಞರಿಗೆ ಈ ಗೆರೆಗಳು ಬಹಳ ಮುಖ್ಯ.

ಈಗ ಬೇಸರದ ಮಾತು. "ಎಲ್ಲೂ ಜೋಡಿಸಿಲ್ಲ, ಅಂಟು ಹಾಕಿಲ್ಲ" ಅಂತ ಮಾರುವವರು ಬರೆದಿದ್ದರು. ಬಲದ ಹೋಳಿನ ಬೆನ್ನಂಚಿನಲ್ಲಿ ಎರಡು ಸೆಂಟಿಮೀಟರ್ ಉದ್ದಕ್ಕೆ ಎಪಾಕ್ಸಿ ಅನ್ನುವ ಅಂಟು ತುಂಬಿದ್ದಾರೆ. ಅದಕ್ಕೆ ಬಣ್ಣ ಕೂಡಿಸಿ, ಮೇಲೆ ಪಾಲಿಶ್ ಹೊಡೆದಿದ್ದಾರೆ. ನಾನು ದಿನವೂ ಗ್ರಾನೈಟ್ ಬಿರುಕಿಗೆ ಅದನ್ನೇ ತುಂಬುವವನು. ನನಗೆ ಗೊತ್ತಾಗದೆ ಇರುತ್ತದಾ? ಸೂಜಿ ಕಾಯಿಸಿ ಮುಟ್ಟಿಸಿದೆ. ಅಂಟಿಗೆ ಸೂಜಿ ಕಚ್ಚಿತು, ವಾಸನೆ ಬಂತು. ಪಕ್ಕದ ಕಲ್ಲಿಗೆ ಜಾರಿತು. ಅಂಟು ಹಾಕುವುದು ತಪ್ಪು ಅಂತ ನಾನು ಹೇಳುತ್ತಿಲ್ಲ. ಇಂಥ ಚಿಪ್ಪು ಒಡೆದೇ ಸಿಗುತ್ತದೆ ಎಷ್ಟೋ ಸಲ, ಜೋಡಿಸದೆ ಉಳಿಸಲು ಆಗುವುದಿಲ್ಲ. ಹಾಕಿದ್ದೇವೆ ಅಂತ ಹೇಳಿ ಮಾರಬೇಕು. ಇಲ್ಲ ಅಂತ ಬರೆದು ಮಾರಿದ್ದು ನನಗೆ ನೋವಾಯಿತು. ಫೋಟೋ ತೆಗೆದು ಕಳಿಸಿದೆ. ಎರಡು ದಿನ ಸುಮ್ನಿದ್ದರು. ಮೂರನೇ ದಿನ 400 ರೂಪಾಯಿ ವಾಪಸ್ ಹಾಕಿದರು, ಬರೆದದ್ದನ್ನೂ ಬದಲಾಯಿಸಿದರು. ಅದಕ್ಕೇ ಅಂಗಡಿಯ ಹೆಸರು ಇಲ್ಲಿ ಹಾಕುತ್ತಿಲ್ಲ.

ಅಸಲಿ ಹೌದೋ ಅಲ್ಲವೋ ಅಂತ ಕೇಳುವವರಿಗೆ ನಾನು ನೋಡಿದ ರೀತಿ ಹೇಳುತ್ತೇನೆ. ಎತ್ತಿಟ್ಟಿದ್ದ ಪುಡಿ ಚೂರಿನ ಮೇಲೆ ನಿಂಬೆರಸ ಹಾಕಿದೆ, ಸಣ್ಣ ಗುಳ್ಳೆ ಎದ್ದವು. ಸುಣ್ಣದ ಕಲ್ಲು ಅಂತ ಖಾತ್ರಿ ಆಯಿತು. ಇದನ್ನು ಚೂರಿನ ಮೇಲೆ ಮಾತ್ರ ಮಾಡಿ, ಕಲ್ಲಿನ ಮೇಲೆ ಬೇಡ. ಪ್ಲಾಸ್ಟಿಕ್ ಅಚ್ಚಿನಲ್ಲಿ ಮಾಡಿದ್ದಾದರೆ ತೂಕ ಕಡಿಮೆ ಇರುತ್ತದೆ, ಕೆನ್ನೆಗೆ ತಾಗಿಸಿದರೆ ತಣ್ಣಗಾಗುವುದಿಲ್ಲ, ಲೆನ್ಸಿನಲ್ಲಿ ಗಾಳಿ ಗುಳ್ಳೆ ಕಾಣುತ್ತದೆ. ಎರಡು ಹೋಳೂ ಒಂದಕ್ಕೊಂದು ಕನ್ನಡಿ ಬಿಂಬದಂತೆ ಇರಬೇಕು. ಎರಡೂ ಒಂದೇ ಕಡೆಗೆ ಸುತ್ತಿದ್ದರೆ ಅದು ಒಂದೇ ಚಿಪ್ಪಿನ ಜೋಡಿ ಅಲ್ಲ. ಇನ್ನೊಂದು ವಿಷಯ. ನಾಟಿಲಸ್ ಅನ್ನುವ, ಈಗಲೂ ಬದುಕಿರುವ ಜೀವಿಯ ಚಿಪ್ಪನ್ನೂ ಹೀಗೆ ಸೀಳಿ ಮಾರುತ್ತಾರೆ. ಅದರಲ್ಲಿ ಕೊಳವೆ ಗೋಡೆಗಳ ನಡುವಿನಲ್ಲಿ ಹೋಗುತ್ತದೆ. ಅಮೋನೈಟ್‌ನಲ್ಲಿ ಹೊರಗಿನ ಅಂಚಿಗೆ ಒತ್ತಿಕೊಂಡು ಹೋಗುತ್ತದೆ. ನನ್ನದರಲ್ಲಿ ಮೂರು ಕಡೆ ಆ ಕೊಳವೆಯ ಗುರುತು ಅಂಚಿನಲ್ಲೇ ಇದೆ.

ನಮ್ಮ ಸೋದರ ಮಾವ ಜೀವನ ಪೂರ್ತಿ ಕುರಿ ಕಾಯ್ದವರು. ಮನೆಗೆ ಬಂದಾಗ ಕೈಗೆ ಕೊಟ್ಟೆ. ತಿರುಗಿಸಿ ತಿರುಗಿಸಿ ನೋಡಿ, "ಅಳಿಯಾ, ಟಗರಿನ ಕೋಡು ಕಲ್ಲಾಗೈತಲ್ಲೋ" ಅಂದರು. ಮಗಳು ಕುಣಿದುಬಿಟ್ಟಳು. ಅಮೋನೈಟ್ ಅನ್ನುವ ಹೆಸರು ಬಂದದ್ದೇ ಹಾಗೆ. ಈಜಿಪ್ಟಿನ ಅಮುನ್ ಅನ್ನುವ ದೇವರಿಗೆ ಟಗರಿನ ಕೋಡು. ಈ ಕಲ್ಲು ಆ ಕೋಡಿನ ಹಾಗೆ ಕಂಡದ್ದಕ್ಕೆ ಹಳೇ ಕಾಲದವರು ಅಮ್ಮೋನನ ಕೋಡು ಅಂತ ಕರೆದರು. ಕುರಿ ಕಂಡವರ ಕಣ್ಣು ಎಲ್ಲಾ ಕಡೆಯೂ ಒಂದೇ. ಪಕ್ಕದ ಮನೆ ಅಕ್ಕ ಬಂದು ಸಾಲಿಗ್ರಾಮ ಅಂದರು. ಅದೂ ಸುಳ್ಳಲ್ಲ. ನೇಪಾಳದ ಗಂಡಕಿ ನದಿಯಲ್ಲಿ ಸಿಗುವ ಕಪ್ಪು ಸಾಲಿಗ್ರಾಮದೊಳಗಿನ ಚಕ್ರ ಕೂಡ ಅಮೋನೈಟೇ. ಹಿಮಾಲಯ ಏಳುವ ಮುಂಚೆ ಅಲ್ಲಿ ಸಮುದ್ರ ಇತ್ತು. ಕುಲ ಬೇರೆ, ಬಳಗ ಒಂದೇ. ಅಕ್ಕ ಒಂದು ದಾಸವಾಳ ತಂದು ಇಟ್ಟು ಹೋದರು. ನಾನು ತೆಗೆಯಲಿಲ್ಲ.

ಮಗಳ ಪ್ರಶ್ನೆಗೆ ಈಗ ಉತ್ತರ ಇದೆ. ನಮ್ಮ ಭಾಗದ ಗ್ರಾನೈಟ್ 250 ಕೋಟಿ ವರ್ಷದ ಆಸುಪಾಸಿನದು. ನೆಲದ ಆಳದಲ್ಲಿ ಕರಗಿ, ಬಹಳ ನಿಧಾನವಾಗಿ ಆರಿ ಗಟ್ಟಿಯಾದ ಕಲ್ಲು. ಆಗ ಚಿಪ್ಪಿನ ಪ್ರಾಣಿ ಭೂಮಿಯ ಮೇಲೆ ಎಲ್ಲೂ ಇರಲಿಲ್ಲ. ಇದ್ದಿದ್ದರೂ ಆ ಬೆಂಕಿಯಲ್ಲಿ ಉಳಿಯುತ್ತಿರಲಿಲ್ಲ. ಹೀಗಾಗಿ ಕುಷ್ಟಗಿಯ ಕ್ವಾರಿಯಲ್ಲಿ ಎಷ್ಟು ಆಳ ಹೋದರೂ ಅಮೋನೈಟ್ ಸಿಗುವುದಿಲ್ಲ. ನೋಡಬೇಕಾದರೆ ತಮಿಳುನಾಡಿನ ಅರಿಯಲೂರು ಕಡೆ ಹೋಗಬೇಕು, ಅಥವಾ ಗುಜರಾತಿನ ಕಛ್‌ಗೆ. ಎರಡೂ ಕಡೆ ಹಳೇ ಸಮುದ್ರದ ತಳ ಈಗ ನೆಲದ ಮೇಲಿದೆ. ಅರಿಯಲೂರಿನ ಸುಣ್ಣದ ಕಲ್ಲಿನಿಂದ ಸಿಮೆಂಟ್ ಮಾಡುತ್ತಾರೆ.

ಓದುವಾಗ ಇನ್ನೊಂದು ತಿಳಿಯಿತು, ಅವತ್ತು ರಾತ್ರಿ ಬಹಳ ಹೊತ್ತು ನಿದ್ದೆ ಬರಲಿಲ್ಲ. ಮಡಗಾಸ್ಕರ ನಮ್ಮ ದೇಶದಿಂದ ಬೇರೆ ಆದದ್ದು ಸುಮಾರು 9 ಕೋಟಿ ವರ್ಷದ ಹಿಂದೆ. ನನ್ನ ಕೈಯಲ್ಲಿರುವ ಈ ಜೀವಿ ಬದುಕಿದ್ದಾಗ ಎರಡೂ ಒಂದೇ ನೆಲ. ಅದರ ಸಮುದ್ರ ಇದ್ದದ್ದು ನಮ್ಮ ಈ ಕೆಂಪು ಕಲ್ಲಿಗೆ ಅಂಟಿಕೊಂಡಿದ್ದ ನೆಲದ ಆಚೆ ದಂಡೆಯಲ್ಲಿ. 22 ವರ್ಷದಲ್ಲಿ ನನ್ನ ಕೈ ಕೆಳಗೆ ಎಷ್ಟು ಸಾವಿರ ಚದರ ಅಡಿ ಕಲ್ಲು ಹೋಗಿದೆಯೋ ಲೆಕ್ಕ ಇಟ್ಟಿಲ್ಲ. ಒಂದರಲ್ಲೂ ಒಂದು ಉಸಿರು ಇರಲಿಲ್ಲ. ಇದು ಹುಟ್ಟಿತ್ತು, ಬೆಳೆದಿತ್ತು, 34 ಸಲ ಹಿಂದೆ ಗೋಡೆ ಹಾಕಿ ಮುಂದೆ ಸರಿದಿತ್ತು. ಪಾಲಿಶ್ ಮುಖದ ಮೇಲೆ ಬೆರಳು ಇಟ್ಟಾಗ ನನಗೆ ನಿಜವಾಗಿ ಕೈ ನಡುಗಿತು. ಇದನ್ನು ಬರೆಯಲು ನನಗೆ ಸಂಕೋಚ ಏನೂ ಇಲ್ಲ.

ನೋಡಿಕೊಳ್ಳುವುದು ಹೇಗೆ ಅಂತ ಎರಡು ಮಾತು. ಗ್ರಾನೈಟ್ ಅಂತ ತಿಳಿದು ಉಜ್ಜಬೇಡಿ. ಕ್ಯಾಲ್ಸೈಟ್ ಮೇಲೆ ಚಾಕು ತುದಿ ತಾಗಿದರೂ ಗೀರು ಬೀಳುತ್ತದೆ. ನಿಂಬೆ, ಹುಣಸೆ, ವಿನೆಗರ್, ಬಾತ್‌ರೂಮ್ ತೊಳೆಯುವ ಆ್ಯಸಿಡ್ ಹತ್ತಿರಕ್ಕೂ ತರಬೇಡಿ, ಹೊಳಪು ಒಂದೇ ಸಲಕ್ಕೆ ಹೋಗುತ್ತದೆ. ಪೂಜೆ ಮಾಡುವವರು ಪಂಚಾಮೃತ ಹಾಕುವುದಾದರೂ ಯೋಚಿಸಿ, ಮೊಸರು ಹುಳಿ. ಮೆತ್ತಗಿನ ಬಟ್ಟೆ, ಸುಮ್ನೆ ನೀರು, ಸಾಕು. ನಮ್ಮ ಕಡೆ ಬೇಸಿಗೆ ಬಿಸಿಲಿಗೆ ಕಿಟಕಿಯಲ್ಲಿ ಇಡಬೇಡಿ, ಒಳಗೆ ಅಂಟು ಇದ್ದರೆ ಅದು ಹಳದಿ ತಿರುಗುತ್ತದೆ.

ತಗೊಳ್ಳುವವರು ನಾಲ್ಕು ಫೋಟೋ ಕೇಳಿ: ಎರಡು ಮುಖ, ಬೆನ್ನಂಚು, ನಡುವಿನ ಚುಕ್ಕೆ ಹತ್ತಿರದಿಂದ. ಬೆನ್ನಂಚಿನ ಫೋಟೋ ಕೊಡುವುದಿಲ್ಲ ಅಂದರೆ ಬಿಟ್ಟುಬಿಡಿ. ಐದು ನಕ್ಷತ್ರಕ್ಕೆ ನಾನು ಕಲ್ಲಿಗೆ ಐದೂ ಕೊಡುತ್ತೇನೆ, ಕೊಯ್ದ ಕೈಗೆ ಐದು, ಪಾಲಿಶ್‌ಗೆ ಮೂರು, ಮಾರಿದವರಿಗೆ ಎರಡೂವರೆ.

ಬಲದ ಹೋಳನ್ನು ಮಗಳು ಶಾಲೆಗೆ ಕೊಟ್ಟಿದ್ದಾಳೆ, ವಿಜ್ಞಾನದ ಟೀಚರ್ ಕಪಾಟಿನಲ್ಲಿ ಇಟ್ಟಿದ್ದಾರಂತೆ. ಕೊಡುವ ಮುಂಚೆ ಒಂದು ಭಾನುವಾರ ಕೂತು, ಕೈಯಿಂದಲೇ, ಎಂಟುನೂರರ ಪೇಪರ್ ಹಿಡಿದು ಆ ಗೆರೆಗಳನ್ನು ತೆಗೆದೆ. ಮೂರು ತಾಸು ಹಿಡಿಯಿತು.